ಪಾಸ್‌ಪೋರ್ಟಿನ ಪಾಳಿ: ತಾರೀಖು ಯಾರ ಕೈಯಾಗ?

ನಮ್ಮ ಕಡೆ ಮನಿಯೊಳಗಿನ ಹೆಣ್ಣುಮಕ್ಕಳ ಸ್ವಂತದ ಕೆಲಸಕ್ಕ ಒಂದು ಗುಣ ಅದ. ಅದು ಯಾವಾಗ್ಲೂ ಮುಂದಕ್ಕ ಹೋಗ್ತದ. ಕಣ್ಣು ತೋರಸೂದು, ಹಲ್ಲು ತೋರಸೂದು, ಬ್ಯಾಂಕಿಗೆ ಹೋಗಿ ಸಹಿ ಮಾಡಿ ಬರೂದು, ತವರುಮನಿಗೆ ಎರಡು ದಿನ ಹೋಗೂದು, ಎಲ್ಲಾದಕ್ಕೂ ‘ಈ ವಾರ ಬ್ಯಾಡ, ಬರೂ ವಾರ ನೋಡೋಣು’ ಅನ್ನೂದು ರೂಢಿ ಆಗಿಬಿಟ್ಟದ. ಈಗ ಆ ಯಾದಿಯೊಳಗ ಪಾಸ್‌ಪೋರ್ಟಿನ ಅಪಾಯಿಂಟ್‌ಮೆಂಟೂ ಸೇರೇದ. ಮಕ್ಕಳು ಹೊರದೇಶಕ್ಕ ಹೋಗ್ಯಾರ, ಮಗಳ ಬಾಣಂತನಕ್ಕ ಹೋಗಬೇಕು, ಮಮ್ಮಕ್ಕಳನ್ನ ನೋಡಬೇಕು. ಅರ್ಜಿ ಹಾಕಿ ಆತು, ತಾರೀಖು ಬಂತು. ಆ ತಾರೀಖಿಗೇ ಸರಿಯಾಗಿ ಮನ್ಯಾಗ ಏನರೆ ಒಂದು ಬರ್ತದ.

ಇತ್ತಿತ್ಲಾಗ ನಾಕಾರು ಮಂದಿ ನನಗ ಇದೊಂದ ಪ್ರಶ್ನಿ ಕೇಳ್ಯಾರ: ‘ಅಪಾಯಿಂಟ್‌ಮೆಂಟ್ ಕ್ಯಾನ್ಸಲ್ ಮಾಡಿದ್ರ ರೊಕ್ಕ ಹೋಗ್ತದೇನ್ರೀ? ಮತ್ತ ಮೊದಲಿಂದ ಅರ್ಜಿ ಹಾಕಬೇಕೇನು?’ ಉತ್ತರ ಸಣ್ಣದದ, ಅದನ್ನ ಮುಂದ ಹೇಳ್ತೀನಿ. ಆದ್ರ ಆ ಪ್ರಶ್ನಿ ಹಿಂದ ಒಂದು ದೊಡ್ಡ ಕಥಿ ಅದ. ನಮ್ಮ ಹೆಸರಿನ ತಾರೀಖನ್ನ ನಾವ ಬದಲಿ ಮಾಡೂ ಹಕ್ಕು ನಮ್ಮ ಕೈಗೆ ಬರಲಿಕ್ಕೆ ಎಷ್ಟು ವರ್ಷ ಹಿಡೀತು, ಅದು ಖರೇನ ನಮ್ಮ ಕೈಯಾಗ ಬಂದದೋ ಇಲ್ಲೋ, ಅದನ್ನ ಒಂದೀಟು ಕೂತು ನೋಡೋಣು ಅಂತ ಈ ಬರಹ.

ಮೊದಲಿಗೆ ಪಾಸ್‌ಪೋರ್ಟ್ ಇಲ್ಲದ ಕಾಲದಿಂದ ಸುರು ಮಾಡೋಣು. ಆನಂದಿಬಾಯಿ ಜೋಶಿ ಹೆಸರು ನಮ್ಮ ಕಡೆ ಹಿರೇರಿಗೆಲ್ಲಾ ಗೊತ್ತದ. 1883ರಾಗ ಆಕಿ ಕಲ್ಕತ್ತಾದಿಂದ ಹಡಗಾ ಹತ್ತಿ ಡಾಕ್ಟರಕಿ ಕಲೀಲಿಕ್ಕೆ ಅಮೇರಿಕಾಕ್ಕ ಹೋದಾಗ ಆಕಿಗೆ ಹದಿನೆಂಟು ವರ್ಷ. ಗಂಡ ಸಂಗಾಟ ಹೋಗಲಿಲ್ಲ. ಆ ಕಾಲಕ್ಕ ಸಾಮಾನ್ಯ ಪ್ರಯಾಣಿಕರಿಗೆ ಪಾಸ್‌ಪೋರ್ಟ್ ಬೇಕು ಅನ್ನೂ ಕಡ್ಡಾಯ ಇರಲಿಲ್ಲ. ಸರಕಾರ ಆಕಿಗೆ ‘ನಿನ್ನ ಕಾಗದ ತೋರಸು’ ಅನ್ನಲಿಲ್ಲ. ಆದ್ರ ಸಮಾಜ ಬಿಡಲಿಲ್ಲ. ಊರ ಮಂದಿ ಆಡಿಕೊಂಡ್ರು, ಬಹಿಷ್ಕಾರದ ಮಾತು ಬಂತು. ಕಡೀಕ ಆಕಿ ಅದೇ ವರ್ಷದ ಫೆಬ್ರುವರಿಯೊಳಗ ಸೆರಾಂಪುರದ ಕಾಲೇಜಿನ ಸಭಾದಾಗ ಎಲ್ಲಾರ ಮುಂದ ನಿಂತು, ತಾನು ಯಾಕ ಹೊಂಟೀನಿ, ಯಾಕ ಒಬ್ಬಾಕಿನ ಹೊಂಟೀನಿ ಅಂತ ಭಾಷಣಾ ಮಾಡಿ ಹೇಳಬೇಕಾತು. 1886ರಾಗ ಡಿಗ್ರಿ ತಗೊಂಡ್ಳು, ಮರು ವರ್ಷ ತೀರಿಕೊಂಡ್ಳು. ಅಂದ್ರ, ಕಾಗದ ಇಲ್ಲದಿದ್ರೂ ಹೆಣ್ಣುಮಗಳ ಪ್ರಯಾಣಕ್ಕ ಅಪ್ಪಣಿ ಬೇಕ ಇತ್ತು. ಆ ಅಪ್ಪಣಿಗೆ ಕಚೇರಿ ಇರಲಿಲ್ಲ, ತಾರೀಖು ಇರಲಿಲ್ಲ, ಅಷ್ಟ.

ಕಾಗದ ಬಂದದ್ದು ಯುದ್ಧದಿಂದ. 1914ರಿಂದ 1918ರ ತನಕ ನಡೆದ ಮೊದಲನೇ ಮಹಾಯುದ್ಧದಾಗ ಬ್ರಿಟಿಷ್ ಸರಕಾರ ಭಾರತ ರಕ್ಷಣಾ ಕಾಯ್ದೆ ಅಂತ ತಂತು. ಅದರ ನಿಯಮದ ಪ್ರಕಾರ ದೇಶ ಬಿಟ್ಟು ಹೋಗಲಿಕ್ಕೂ ದೇಶದೊಳಗ ಬರಲಿಕ್ಕೂ ಪಾಸ್‌ಪೋರ್ಟ್ ಬೇಕಾತು. ಯುದ್ಧ ಮುಗೀತು, ಪಾಸ್‌ಪೋರ್ಟ್ ಮುಗೀಲಿಲ್ಲ. 1920ರಾಗ ಭಾರತೀಯ ಪಾಸ್‌ಪೋರ್ಟ್ ಕಾಯ್ದೆ ಬಂತು. ಅದೇ ವರ್ಷ ಪ್ಯಾರಿಸ್ಸಿನ್ಯಾಗ ಹಲವು ದೇಶದವರು ಕೂಡಿ, ಪಾಸ್‌ಪೋರ್ಟ್ ಅಂದ್ರ ಹಿಂಗ ಇರಬೇಕು ಅಂತ ಒಂದು ನಮೂನಿ ಠರಾಯಿಸಿದ್ರು: ಮೂವತ್ತೆರಡು ಹಾಳಿ, ರಟ್ಟು, ಫೋಟೋ, ವಿವರ. ಇವತ್ತಿಗೂ ನಮ್ಮ ಕೈಗೆ ಬರೂ ಪುಸ್ತಕದ ಮೂಲ ಅದ.

ಆ ಹಳೇ ನಮೂನಿಯೊಳಗ ಒಂದು ಸಂಗತಿ ನಾವು ಹೆಣ್ಣುಮಕ್ಕಳು ನೋಡಬೇಕಾದ್ದದ. ವಿವರದ ಹಾಳಿಯೊಳಗ ಎರಡು ಅಂಕಣ ಇರ್ತಿದ್ದುವು. ಒಂದು ಪುಸ್ತಕ ಹೊಂದಿದವರದು. ಇನ್ನೊಂದರ ಮ್ಯಾಲೆ ‘ಹೆಂಡತಿ’ ಅಂತ ಅಚ್ಚಾಗಿರ್ತಿತ್ತು. ಬ್ರಿಟಿಷ್ ಆಳಿಕೆಯ ಭಾರತದ ಪಾಸ್‌ಪೋರ್ಟಿನ್ಯಾಗೂ ಇದೇ ರೀತಿ. ಗಂಡನ ಪುಸ್ತಕದಾಗ ಹೆಂಡತಿದೊಂದು ಫೋಟೋ, ಆಕಿ ಎತ್ತರ, ಆಕಿ ಕಣ್ಣಿನ ಬಣ್ಣ. ಮಕ್ಕಳ ಹೆಸರೂ ಅಲ್ಲೇ. ಗಂಡ ಆ ಪುಸ್ತಕ ಹಿಡಕೊಂಡು ಒಬ್ಬನ ಹೋಗಬಹುದಿತ್ತು. ಹೆಂಡತಿಗೆ ಅದನ್ನ ಹಿಡಕೊಂಡು ಒಬ್ಬಾಕಿನ ಹೋಗಲಿಕ್ಕೆ ಬರ್ತಿರಲಿಲ್ಲ. ಸ್ವಂತದ್ದು ಬೇಕು ಅಂದ್ರ ಮಾಡಸಬಹುದಿತ್ತು ಖರೇ, ಆದ್ರ ಯಾರು ಮಾಡಸ್ತಾರ? ‘ನನ್ನದರಾಗ ನಿನ್ನ ಹೆಸರು ಅದಲ್ಲಾ’ ಅಂದ್ರ ಮುಗೀತು. ರೇಶನ್ ಕಾರ್ಡಿನ್ಯಾಗ ನಮ್ಮ ಹೆಸರು ಎರಡನೇ ಸಾಲಿನ್ಯಾಗ ಇರ್ತಿತ್ತಲ್ಲಾ, ಹಂಗ.

ಸ್ವಾತಂತ್ರ್ಯ ಬಂದ ಮ್ಯಾಲೆ ಪಾಸ್‌ಪೋರ್ಟಿನ ಕೆಲಸ ಕೇಂದ್ರ ಸರಕಾರದ ವಿದೇಶಾಂಗ ಇಲಾಖೆ ಕೈಗೆ ಬಂತು. 1954ರಾಗ ಮೊದಲ ಐದು ಪ್ರಾದೇಶಿಕ ಕಚೇರಿ ಆದುವು: ಮುಂಬಯಿ, ಕಲ್ಕತ್ತಾ, ದಿಲ್ಲಿ, ಮದ್ರಾಸು, ನಾಗಪುರ. ನಮ್ಮ ಧಾರವಾಡ, ಬೆಳಗಾವಿ, ವಿಜಾಪುರ ಎಲ್ಲಾ 1956ರ ನವೆಂಬರ್ ಒಂದನೇ ತಾರೀಖಿನ ತನಕ ಮುಂಬಯಿ ರಾಜ್ಯದಾಗ ಇದ್ದುವು. ರೇಲ್ವೆ ಹತ್ತಿ ಒಂದು ರಾತ್ರಿ ಪ್ರಯಾಣ ಮಾಡಿ ಹೋಗೂ ದೂರದ ಕಚೇರಿ. ನಮ್ಮ ಅಜ್ಜಿಯಂದರಿಗೆ ಮುಂಬಯಿ ಅಂದ್ರನ ಪರದೇಶ ಇತ್ತು, ಪಾಸ್‌ಪೋರ್ಟಿನ ಮಾತು ಎಲ್ಲಿಂದ ಬರಬೇಕು.

ಆಗಿನ ಇನ್ನೊಂದು ವಿಚಿತ್ರ ಅಂದ್ರ, ಪಾಸ್‌ಪೋರ್ಟ್ ಕೊಡಬೇಕೋ ಬ್ಯಾಡೋ ಅನ್ನೂದು ಪೂರ್ತಿ ಸರಕಾರದ ಮರ್ಜಿ. ಯಾರಿಗೆ ಕೊಡಬೇಕು, ಯಾರಿಗೆ ಇಲ್ಲ ಅಂತ ಹೇಳೂ ಕಾಯ್ದೆನ ಇರಲಿಲ್ಲ. 1967ರ ಏಪ್ರಿಲ್ 10ಕ್ಕ ಸತ್ವಂತ್ ಸಿಂಗ್ ಸಾಹ್ನಿ ಅನ್ನುವವರ ಪ್ರಕರಣದಾಗ ಸುಪ್ರೀಂ ಕೋರ್ಟು ಮೂರಕ್ಕ ಎರಡು ಬಹುಮತದಿಂದ ಒಂದು ತೀರ್ಪು ಕೊಡ್ತು. ದೇಶದ ಹೊರಗ ಹೋಗೂದು ಮನುಷ್ಯಾರ ವೈಯಕ್ತಿಕ ಸ್ವಾತಂತ್ರ್ಯದ ಭಾಗ, ಅದನ್ನ ಕಾಯ್ದೆ ಇಲ್ಲದ ತಡಿಯಾಂಗಿಲ್ಲ ಅಂತು. ಸರಕಾರ ಗಡಬಡಿಸಿ ಮೇ ತಿಂಗಳದಾಗ ಸುಗ್ರೀವಾಜ್ಞೆ ತಂತು, ಜೂನ್ 24ಕ್ಕ ಪಾಸ್‌ಪೋರ್ಟ್ ಕಾಯ್ದೆ ಬಂತು. ಅದಕ್ಕ ಇವತ್ತಿಗೂ ಜೂನ್ 24ಕ್ಕ ಪಾಸ್‌ಪೋರ್ಟ್ ಸೇವಾ ದಿವಸ ಅಂತ ಆಚರಸ್ತಾರ.

ಕಾಯ್ದೆ ಬಂದ್ರೂ ಕಾರಣ ಹೇಳೂ ರೂಢಿ ಬರಲಿಲ್ಲ. ಅದಕ್ಕ ಒಬ್ಬ ಹೆಣ್ಣುಮಗಳು ಕೋರ್ಟಿಗೆ ಹೋಗಬೇಕಾತು. 1977ರ ಜುಲೈದಾಗ ಮೇನಕಾ ಗಾಂಧಿ ಅವರ ಪಾಸ್‌ಪೋರ್ಟನ್ನ ಒಪ್ಪಸ್ರಿ ಅಂತ ಪತ್ರ ಬಂತು. ಯಾಕ ಅಂತ ಕೇಳಿದ್ರ, ಸಾರ್ವಜನಿಕರ ಹಿತಕ್ಕಾಗಿ ಕಾರಣ ಹೇಳಾಂಗಿಲ್ಲ ಅಂದ್ರು. 1978ರ ಜನವರಿ 25ಕ್ಕ ಸುಪ್ರೀಂ ಕೋರ್ಟು ಹೇಳ್ತು: ಬರೇ ಒಂದು ಕಾಯ್ದೆ ಇದ್ರ ಸಾಲದು, ಅದನ್ನ ನಡಸೂ ರೀತಿ ನ್ಯಾಯವಾಗಿರಬೇಕು, ಎದುರಿನವರ ಮಾತು ಕೇಳಬೇಕು. ವಕೀಲರು ಇವತ್ತಿಗೂ ಆ ತೀರ್ಪಿನ ಹೆಸರು ಹೇಳ್ತಾರ. ನಮ್ಮ ಅಡಗಿಮನಿ ಭಾಷಾದಾಗ ಹೇಳಬೇಕಂದ್ರ, ‘ಬ್ಯಾಡ ಅಂದ್ರ ಬ್ಯಾಡ, ಯಾಕ ಅಂತ ಕೇಳಬ್ಯಾಡ’ ಅನ್ನೂ ಮಾತು ಸರಕಾರಕ್ಕ ಒಪ್ಪಾಂಗಿಲ್ಲ ಅಂತ ಆತು. ಮನ್ಯಾಗ ಆ ಮಾತು ಇನ್ನೂ ನಡೀತದ, ಅದು ಬ್ಯಾರೆ ಮಾತು.

ಹಕ್ಕು ಸಿಕ್ತು, ಪುಸ್ತಕ ಸಿಗೂದು ಮಾತ್ರ ತ್ರಾಸಿನ ಕೆಲಸಾನ ಆಗಿತ್ತು. ನಮ್ಮ ಕಡೆಯವರಿಗೆ ಆಮ್ಯಾಲೆ ಬೆಂಗಳೂರು ಕಚೇರಿ ಆತು. ರಾತ್ರಿ ಬಸ್ಸಿಗೆ ಹೋಗಿ, ನಸೀಕಲೆ ಇಳದು, ಮುಖಾ ತೊಳಕೊಂಡು ಪಾಳಿ ಹಚ್ಚಿದವರ ಕಥಿ ನಿಮ್ಮ ಮನ್ಯಾಗೂ ಇರಬೇಕು. ಆಗ ಅಪಾಯಿಂಟ್‌ಮೆಂಟ್ ಅನ್ನೂ ಶಬ್ದಾನ ಇರಲಿಲ್ಲ. ಯಾರು ಮೊದಲು ಬಂದ್ರೋ ಅವರ ಮುಂದ. ಪಾಳ್ಯಾಗ ಗಂಡಸರ ಹೆಚ್ಚು, ಯಾಕಂದ್ರ ಕೂಸಿನ್ನ ಬಿಟ್ಟು, ಮುಂಜಾನಿ ಅಡಗಿ ಬಿಟ್ಟು, ಮುಟ್ಟಿನ ದಿನದಾಗ ಶೌಚಾಲಯ ಇಲ್ಲದ ಕಡೆ ನಾಕು ತಾಸು ನಿಂದ್ರೂದು ಹೆಣ್ಣುಮಕ್ಕಳಿಗೆ ಹೆಂಗ ಆಗಬೇಕು? ಅದಕ್ಕ ಏಜೆಂಟರು ಬಂದ್ರು. ಅರ್ಜಿ ತುಂಬೂದಕ್ಕ ಇಷ್ಟು, ಪಾಳ್ಯಾಗ ನಿಂದ್ರೂದಕ್ಕ ಇಷ್ಟು. ಪಾಳಿಯಂಥಾ ಪಾಳಿನೂ ಮಾರಾಟಕ್ಕ ಬಂತು.

ಮುಂದಿಂದು ನಮ್ಮ ಭಾಗದವರು ಅಭಿಮಾನ ಪಡಬೇಕಾದ ಮಾತು. ಪಾಸ್‌ಪೋರ್ಟ್ ಸೇವಾ ಯೋಜನಾ ಅಂತ ಹೊಸಾ ಪದ್ಧತಿ 2010ರಾಗ ಸುರು ಆದಾಗ ಪ್ರಯೋಗಕ್ಕಂತ ಏಳು ಕೇಂದ್ರ ಆರಿಸಿದ್ರು. ಅದರಾಗ ನಾಕು ಕರ್ನಾಟಕದಾಗ: ಬೆಂಗಳೂರಿನ್ಯಾಗ ಎರಡು, ಮಂಗಳೂರಾಗ ಒಂದು, ನಮ್ಮ ಹುಬ್ಬಳ್ಳ್ಯಾಗ ಒಂದು. ಉಳಿದ ಮೂರು ಚಂಡೀಗಢ, ಲುಧಿಯಾನಾ, ಅಂಬಾಲಾ. ಅಂದ್ರ ದೇಶದ ದೊಡ್ಡ ದೊಡ್ಡ ಊರಿಗೆ ಬರೂಕಿಂತ ಮೊದಲ ಹುಬ್ಬಳ್ಳಿಗೆ ಬಂತು. 2012ರ ಜೂನ್ ಹೊತ್ತಿಗೆ ದೇಶದ ತುಂಬ 77 ಕೇಂದ್ರ ಆದುವು. ಒಳಗ ಎ, ಬಿ, ಸಿ ಅಂತ ಮೂರು ಕೌಂಟರ್. ಎ ಕೌಂಟರಿನ್ಯಾಗ ಫೋಟೋ, ಬೆರಳಿನ ಗುರುತು, ಕಾಗದದ ಸ್ಕ್ಯಾನು. ಇದು ಟಿಸಿಎಸ್ ಕಂಪನಿಯವರ ಕೆಲಸ. ಬಿ ಮತ್ತು ಸಿ ಕೌಂಟರಿನ್ಯಾಗ ಸರಕಾರಿ ಅಧಿಕಾರಿಗಳು ಕೂತಿರ್ತಾರ. ಕಾಗದ ತಪಾಸಣಿ ಮಾಡೂದು, ಕಡೀಕ ಮಂಜೂರು ಮಾಡೂದು ಅವರ ಕೈಯಾಗ.

ಈ ಪದ್ಧತಿ ಸಂಗಾಟ ಬಂದದ್ದ ಅಪಾಯಿಂಟ್‌ಮೆಂಟು. ಇದು ಸಣ್ಣ ಬದಲಾವಣಿ ಅಲ್ರೀ. ಮೊದಲು ಪಾಳಿ ಅಂದ್ರ ಮೈಯಿಂದ ನಿಂದ್ರೂದು. ಗಟ್ಟಿ ಇದ್ದಂವ ಮುಂದ, ಊರು ದೂರ ಇದ್ದಾಕಿ ಹಿಂದ. ಈಗ ಪಾಳಿ ಅನ್ನೂದು ತಾರೀಖು ಮತ್ತು ವ್ಯಾಳ್ಯಾ ಆತು. ‘ಮಂಗಳವಾರ ಹನ್ನೊಂದೂಕಾಲಿಗೆ’ ಅಂದ್ರ ಮುಂಜಾನಿ ಕೆಲಸಾ ಮುಗಿಸಿ, ಕುಕ್ಕರ್ ಇಳಿಸಿ, ಬಸ್ಸಿಗೆ ಹೋಗಿ ಬರಬಹುದು. ನಿಂತ ಜಾಗಾ ಬಿಟ್ರ ಪಾಳಿ ಹೋತು ಅನ್ನೂ ಅಂಜಿಕಿ ಇಲ್ಲ. ಬರಲಿಕ್ಕಾಗದಿದ್ರ ಪಾಳಿನ್ನ ಎತ್ತಿ ಮುಂದಿಡಬಹುದು. ಪಾಳಿಯೊಳಗ ನಿಂತವರಿಗೆ ಈ ಅನುಕೂಲ ಎಂದೂ ಇರಲಿಲ್ಲ.

ಆದ್ರ ಸುರುವಾತಿಗೆ ಒಂದು ಹೊಸಾ ಪೀಡಾ ಬಂತು. ದಿನಾ ಇಂತಿಷ್ಟ ಜಾಗಾ, ಕಂಪ್ಯೂಟರಿನ್ಯಾಗ ತೆರದ ನಾಕು ನಿಮಿಷಕ್ಕ ಖಾಲಿ. ಏಜೆಂಟರು ಅಲ್ಲೂ ಬಂದು ಕೂತಿದ್ರು. ಮೊದಲ ತಾರೀಖು ಹಿಡಕೊಂಡು ಇಟ್ಟು, ಗಿರಾಕಿ ಸಿಕ್ಕ ಮ್ಯಾಲೆ ಮಾರೂದು. ಅದಕ್ಕ ಆಮ್ಯಾಲೆ ರೊಕ್ಕ ಮೊದಲ ತುಂಬಿದ್ರನ ತಾರೀಖು ಅನ್ನೂ ನಿಯಮ ಬಂತು. ಶುಲ್ಕ 2012ರ ಅಕ್ಟೋಬರಿನಿಂದ ದೊಡ್ಡವರ ಮೂವತ್ತಾರು ಹಾಳಿ ಪುಸ್ತಕಕ್ಕ 1500 ರೂಪಾಯಿ ಆಗಿತ್ತು, ತತ್ಕಾಲ್ ಬೇಕಂದ್ರ ಮ್ಯಾಲೆ 2000. ಒಂದು ಅರ್ಜಿಗೆ ಒಂದು ನಂಬರು, ಆ ನಂಬರಿಗೆ ತುಂಬಿದ ರೊಕ್ಕ, ಆ ರೊಕ್ಕಕ್ಕ ಒಂದು ತಾರೀಖು. ಹಿಂಗ ಗಂಟು ಹಾಕಿದ್ರ ಸುಮ್ಮ ಸುಮ್ಮನ ತಾರೀಖು ಹಿಡಿಯಾವರಿಗೆ ತುಟ್ಟಿ ಬೀಳ್ತದ. ನಮಗ ಈಗ ಕಟ್ಟುನಿಟ್ಟು ಅನಸೂ ನಿಯಮ ಹುಟ್ಟಿದ್ದು ನಮ್ಮ ಪಾಳಿ ಕಾಯಲಿಕ್ಕೇನ.

ಈಗ ನೀವು ಕೇಳಿದ ಪ್ರಶ್ನಿಗೆ ಉತ್ತರ. ತಾರೀಖು ಮುಂದ ಹಾಕಲಿಕ್ಕೆ ಬರ್ತದ, ಪೂರ್ತಿ ರದ್ದು ಮಾಡಲಿಕ್ಕೂ ಬರ್ತದ. ಮೊದಲ ತಾರೀಖಿನಿಂದ ಒಂದು ವರ್ಷದೊಳಗ ಮೂರು ಸಲ ಬದಲಿ ಮಾಡಬಹುದು. ರದ್ದು ಮಾಡಿದ್ರ ತುಂಬಿದ ರೊಕ್ಕ ತಿರುಗಿ ಬರಾಂಗಿಲ್ಲ. ಆದ್ರ ಮುಳುಗಿ ಹೋಗೂದೂ ಇಲ್ಲ, ಒಂದು ವರ್ಷದ ತನಕ ಅದೇ ಅರ್ಜಿಗೆ ಜಮಾ ಇರ್ತದ, ಅದರ ಮ್ಯಾಲೆನ ಹೊಸಾ ತಾರೀಖು ತಗೋಬಹುದು. ವರ್ಷ ದಾಟಿತು ಅಂದ್ರ ಅರ್ಜಿನೂ ಹೋತು, ರೊಕ್ಕಾನೂ ಹೋತು, ಮತ್ತ ಮೊದಲಿಂದ. ಮಾಡೂ ರೀತಿನೂ ಸರಳ ಅದ. ಪಾಸ್‌ಪೋರ್ಟ್ ಸೇವಾ ಜಾಲತಾಣದಾಗ ಅಥವಾ ಅದರ ಆ್ಯಪಿನ್ಯಾಗ ನಿಮ್ಮ ಲಾಗಿನ್ ಹಾಕಿ ಒಳಗ ಹೋಗ್ರಿ. ಕೊಟ್ಟ ಅರ್ಜಿಗಳ ಯಾದಿ ತೆರೀರಿ, ನಿಮ್ಮ ಅರ್ಜಿ ನಂಬರು ಆರಸ್ರಿ. ಅಲ್ಲಿ ರೀಶೆಡ್ಯೂಲ್, ಕ್ಯಾನ್ಸಲ್ ಅಂತ ಎರಡೂ ಇರ್ತಾವ. ಖಾಲಿ ಇದ್ದ ತಾರೀಖು ತೋರಸ್ತದ, ಒಂದನ್ನ ಆರಿಸಿ ಒತ್ತಿದ್ರ ಆತು. ಹೊಸಾ ರಸೀದಿ ತಗದು ಇಟ್ಟುಕೋರಿ, ಹಳೇದನ್ನ ಹರದು ಒಗೀರಿ. ಎರಡೂ ಇದ್ರ ಗೊಂದಲ.

ಒಂದು ಮಾತು ಮರೀಬ್ಯಾಡ್ರಿ. ಮುಂದ ಹಾಕೂದಿದ್ರ ರೀಶೆಡ್ಯೂಲನ್ನ ಒತ್ರಿ, ಕ್ಯಾನ್ಸಲ್ ಬ್ಯಾಡ. ಕ್ಯಾನ್ಸಲ್ ಅಂದ್ರ ಇದ್ದ ಜಾಗಾನೂ ಬಿಟ್ಟುಕೊಟ್ಟಾಂಗ, ಮುಂದಿಂದೂ ಕೈಯಾಗ ಇಲ್ಲದಾಂಗ. ರೀಶೆಡ್ಯೂಲ್ ಅಂದ್ರ ಒಂದು ಕೈ ಬಿಡೂಕಿಂತ ಮೊದಲ ಇನ್ನೊಂದು ಹಿಡಿಯೂದು. ಬಸ್ಸಿನ್ಯಾಗ ನಿಂತಾಗ ನಾವು ಮಾಡೂದೂ ಅದ ಅಲ್ಲೇನು?

ಮೂರು ಸಲ ಅಂದ್ರ ಭಾಳ ಆತು ಅನಸ್ತದ. ನಮ್ಮ ವೈನಿ ಸಂಗತಿ ಕೇಳ್ರಿ. ಆಕಿ ಮಗಳು ಐರ್ಲೆಂಡಿನ್ಯಾಗ ಅದಾಳ, ಬಸರಿ ಇದ್ಳು. ಮೂರು ತಿಂಗಳಿದ್ದಾಗನ ವೈನಿದು ಅರ್ಜಿ ಹಾಕಿಸಿದ್ರು. ಮೊದಲ ತಾರೀಖಿನ ಹಿಂದಿನ ದಿನ ಅತ್ತಿಯವರು ಬಚ್ಚಲದಾಗ ಜಾರಿ ಬಿದ್ರು. ದವಾಖಾನಿ, ಎಕ್ಸ್‌ರೇ. ತಾರೀಖು ಮುಂದಕ್ಕ ಹೋತು. ಎರಡನೇ ಸಲ ಊರಾಗ ದೊಡ್ಡ ಮಾವನವರು ತೀರಿಕೊಂಡ್ರು, ಸೂತಕ. ಮತ್ತ ಮುಂದಕ್ಕ. ಈ ಎರಡೂ ಖರೇನ ಬಂದ ಅಡಚಣಿ, ಯಾರೂ ಬ್ಯಾಡ ಅನ್ನಾಂಗಿಲ್ಲ. ಮೂರನೇ ತಾರೀಖು ಬಂತು. ಅವತ್ತ ಭಾವನವರ ಮನ್ಯಾಗ ಸತ್ಯನಾರಾಯಣ ಪೂಜಾ ಇಟ್ಟುಕೊಂಡ್ರು. ‘ಇನ್ನೂ ಒಂದು ಸಲ ಬದಲಿ ಮಾಡಲಿಕ್ಕೆ ಬರ್ತದಂತಲ್ಲಾ, ಮಾಡಿದ್ರಾತು. ಪ್ರಸಾದ ಮಾಡಾವರು ಯಾರು?’ ಅಂತ ಹಿರೇರು ಅಂದ್ರು.

ವೈನಿ ಆ ಹೊತ್ತಿಗೆ ಲೆಕ್ಕಾ ಹಾಕಿದ್ರು. ಉಳಿದದ್ದು ಒಂದ ಸಲ. ಅದನ್ನ ಪೂಜಾಕ್ಕ ಖರ್ಚು ಮಾಡಿದ್ರ ನಾಳೆ ತನಗ ಜ್ವರಾ ಬಂದ್ರ, ಅತ್ತಿಗೆ ಮತ್ತ ಹೆಚ್ಚು ಕಡಿಮಿ ಆದ್ರ ಕೈಯಾಗ ಏನೂ ಉಳಿಯಾಂಗಿಲ್ಲ. ಅಪಾಯಿಂಟ್‌ಮೆಂಟ್ ಆದ ಮ್ಯಾಲೆ ಪೋಲೀಸರ ತಪಾಸಣಿ ಆಗಬೇಕು, ಆಮ್ಯಾಲೆ ವೀಸಾ, ಅದಕ್ಕ ಅದರದ ತಾರೀಖು. ಮಗಳಿಗೆ ಆಗಲೇ ಆರು ತುಂಬ್ತಾ ಬಂದಿತ್ತು. ‘ಪೂಜಾದ ತಾರೀಖು ನಾವು ಇಟ್ಟದ್ದು, ಹುಣ್ಣಿಮಿಗೆ ಮತ್ತ ಬರ್ತದ. ಕೂಸಿನ ತಾರೀಖು ದೇವರು ಇಟ್ಟದ್ದು, ಅದನ್ನ ರೀಶೆಡ್ಯೂಲ್ ಮಾಡಲಿಕ್ಕೆ ಬರೂದಿಲ್ಲ’ ಅಂತ ಹೇಳಿ ವೈನಿ ಹುಬ್ಬಳ್ಳಿಗೆ ಹೋದ್ರು. ಪ್ರಸಾದಾ ಭಾವನವರ ಸೊಸಿ ಮಾಡಿದ್ಳು. ರವಾ ಒಂದೀಟು ಹೆಚ್ಚು ಹುರದಿತ್ತಂತ, ಅಷ್ಟ. ಹೆರಿಗಿ ಆಗೂಕಿಂತ ಹದಿನೆಂಟು ದಿನ ಮೊದಲ ವೈನಿ ಮಗಳ ಕಡೆ ಮುಟ್ಟಿದ್ರು. ಅಳವಿ, ಅಂಟಿನುಂಡಿ, ಅಜವಾನದ ಪುಡಿ ಎಲ್ಲಾ ಚೀಲದಾಗ.

ಈ ಕಥಿಯೊಳಗ ನನಗ ಹೆಚ್ಚು ನಾಟಿದ್ದು ಇನ್ನೊಂದು ಮಾತು. ಮೊದಲ ಎರಡು ಸಲ ತಾರೀಖು ಬದಲಿ ಮಾಡಿದಾವ ವೈನಿ ಮಗ. ಆತ ಪುಣೆದಾಗ ಇರ್ತಾನ, ಲಾಗಿನ್ ಅವನ ಹೆಸರಿಲೆ, ಪಾಸ್‌ವರ್ಡ್ ಅವನ ಹತ್ರ, ಅರ್ಜಿಯೊಳಗ ಕೊಟ್ಟ ಮೊಬೈಲ್ ನಂಬರೂ ಅವನದ. ಅತ್ತಿ ಬಿದ್ದ ದಿನ ಆತ ರಾತ್ರಿ ಪಾಳಿ ಮುಗಿಸಿ ಮಲಗಿದ್ದ, ಫೋನು ಬಂದ್. ವೈನಿ ಒಂದು ಕೈಲೆ ಅತ್ತಿನ್ನ ಹಿಡಕೊಂಡು, ಇನ್ನೊಂದು ಕೈಲೆ ಹತ್ತು ಸಲ ಮಗಗ ಫೋನ್ ಹಚ್ಚಿದ್ರು. ಹುಡುಗ ಶಾಣ್ಯಾ, ಅವ್ವನ ಮ್ಯಾಲೆ ಜೀವಾ. ಅವನ ಮ್ಯಾಲೆ ನಾ ಬೊಟ್ಟು ಮಾಡಾಂಗಿಲ್ಲ. ಆದ್ರ ವಿಚಾರ ಮಾಡ್ರಿ: ನೂರು ವರ್ಷದ ಹಿಂದ ಗಂಡನ ಪುಸ್ತಕದಾಗ ಹೆಂಡತಿ ಫೋಟೋ ಇರ್ತಿತ್ತು. ಈಗ ಮಗನ ಲಾಗಿನ್ನಿನ್ಯಾಗ ಅವ್ವನ ಅರ್ಜಿ ಇರ್ತದ. ಪುಸ್ತಕ ನಮ್ಮದಾತು, ತಾರೀಖು ಇನ್ನೂ ಆಗಬೇಕಾಗೇದ.

ಸರಕಾರದ ಕಡಿಂದ ದಾರಿ ಭಾಳ ಹಸನಾಗೇದ. 2016ರ ಡಿಸೆಂಬರಿನ್ಯಾಗ ಸುಷ್ಮಾ ಸ್ವರಾಜ್ ಅವರು ವಿದೇಶಾಂಗ ಮಂತ್ರಿ ಇದ್ದಾಗ ನಿಯಮ ಸಡಿಲ ಮಾಡಿದ್ರು. ತಂದಿ ತಾಯಿ ಇಬ್ಬರ ಹೆಸರೂ ಬೇಕಂತಿಲ್ಲ, ಒಬ್ಬರದಿದ್ರ ಸಾಕು. ಅಂದ್ರ ಒಬ್ಬಾಕಿನ ಮಕ್ಕಳನ್ನ ಬೆಳಸೂ ತಾಯಿಗೆ ಅನುಕೂಲ ಆತು. ಲಗ್ನದ ಸರ್ಟಿಫಿಕೇಟ್ ಬೇಕ ಬೇಕು ಅನ್ನೂದು ಹೋತು. ಬಿಡುಗಡಿ ಆದಾಕಿ ಹಳೇ ಗಂಡನ ಹೆಸರು ಬರೀಬೇಕಾಗಿಲ್ಲ ಅಂತ ಆತು. 2017ರ ಜನವರಿ 25ಕ್ಕ ಅಂಚೆ ಕಚೇರಿಯೊಳಗಿನ ಪಾಸ್‌ಪೋರ್ಟ್ ಕೇಂದ್ರ ಸುರು ಆದುವು. ಮೊದಲಿನ ಎರಡರಾಗ ಒಂದು ನಮ್ಮ ಮೈಸೂರಿನದು, ಇನ್ನೊಂದು ಗುಜರಾತಿನ ದಾಹೋದಿನದು. ಈಗ ಅಂಥವು ದೇಶದಾಗ ನಾನೂರಕ್ಕ ಹೆಚ್ಚು ಅವ. ಅದೇ 2017ರಾಗ ಅರವತ್ತು ದಾಟಿದವರಿಗೂ ಎಂಟರೊಳಗಿನ ಮಕ್ಕಳಿಗೂ ಹೊಸಾ ಪಾಸ್‌ಪೋರ್ಟಿನ ಶುಲ್ಕದಾಗ ನೂರಕ್ಕ ಹತ್ತು ಕಡಿಮಿ ಮಾಡಿದ್ರು. 2018ರ ಜೂನ್‌ದಾಗ ದೇಶದಾಗ ಎಲ್ಲಿ ಬೇಕಾದ್ರೂ ಅರ್ಜಿ ಹಾಕಬಹುದು ಅಂತಾತು. ಮಮ್ಮಗನ್ನ ನೋಡಿಕೋಳ್ಳಿಕ್ಕೆ ಆರು ತಿಂಗಳ ಮಗನ ಊರಾಗ ಇದ್ದಾಕಿ ಇನ್ನ ಅಲ್ಲಿಂದನ ಹಾಕಬಹುದು.

ಆದ್ರೂ ಹಳೇ ರೂಢಿ ಲಗೂ ಸಾಯೂದಿಲ್ಲ. 2025ರ ಜೂನ್‌ದಾಗ ಮದ್ರಾಸ್ ಹೈಕೋರ್ಟಿನ ಮುಂದ ಒಂದು ಪ್ರಕರಣ ಬಂತು. ಗಂಡನ ಸಂಗಾಟ ಬಿಡುಗಡಿ ವ್ಯಾಜ್ಯ ನಡದಿದ್ದ ಹೆಣ್ಣುಮಗಳು ಪಾಸ್‌ಪೋರ್ಟಿಗೆ ಅರ್ಜಿ ಹಾಕಿದ್ರ ಗಂಡನ ಸಹಿ ತಗೊಂಡು ಬಾ ಅಂದಿದ್ರು. ಕೋರ್ಟು ಹೇಳ್ತು: ಹೆಂಡತಿ ಪಾಸ್‌ಪೋರ್ಟಿಗೆ ಗಂಡನ ಅಪ್ಪಣಿನೂ ಬೇಕಿಲ್ಲ, ಸಹಿನೂ ಬೇಕಿಲ್ಲ; ಲಗ್ನಾದ ಮ್ಯಾಲೂ ಆಕಿ ತನ್ನತನ ಕಳಕೊಳ್ಳೂದಿಲ್ಲ. ಆನಂದಿಬಾಯಿ ಭಾಷಣಾ ಮಾಡಿ ನೂರಾ ನಲವತ್ತೆರಡು ವರ್ಷ ಆದ ಮ್ಯಾಲೂ ಇದನ್ನ ಒಂದು ಕೋರ್ಟು ಬಾಯಿ ಬಿಟ್ಟು ಹೇಳಬೇಕಾತು.

ನಮ್ಮ ಕಡೆ ಹೆಣ್ಣುಮಕ್ಕಳಿಗೆ ತಾರೀಖು ತಪ್ಪೂದಕ್ಕ ಇನ್ನೊಂದು ಕಾರಣ ಹೆಸರು. ಹುಟ್ಟಿದಾಗ ಒಂದು, ಲಗ್ನದಾಗ ತಾಟಿನ ಅಕ್ಕಿಯೊಳಗ ಗಂಡ ಬರದ ಹೆಸರು ಇನ್ನೊಂದು. ಸಾಲಿ ದಾಖಲಾದಾಗ ತಂದಿ ಹೆಸರು, ಆಧಾರಿನ್ಯಾಗ ಗಂಡನ ಹೆಸರು, ಬ್ಯಾಂಕಿನ್ಯಾಗ ಮೂರನೇ ತರಹ. ಲಗ್ನಾದ ಮ್ಯಾಲೆ ಪಾಸ್‌ಪೋರ್ಟಿನ್ಯಾಗ ಹೆಸರು ಬದಲಿ ಮಾಡಲೇಬೇಕು ಅಂತ ಕಡ್ಡಾಯ ಇಲ್ಲ. ಆದ್ರ ಕೊಡೂ ಕಾಗದ ಒಂದಕ್ಕೊಂದು ಕೂಡಬೇಕು. ಇದನ್ನ ತಾರೀಖಿನ ಹಿಂದಿನ ರಾತ್ರಿ ನೋಡೂದಲ್ಲ, ಅರ್ಜಿ ಹಾಕೂಕಿಂತ ಮೊದಲ ಎಲ್ಲಾ ಕಾಗದಾ ಹಾಸಿಗಿ ಮ್ಯಾಲೆ ಹರವಿಕೊಂಡು ಅಕ್ಷರ ಅಕ್ಷರ ನೋಡೂದು. ಕೂಡದಿದ್ರ ಮೊದಲ ಅದನ್ನ ಸರಿ ಮಾಡಿಸಿ, ಆಮ್ಯಾಲೆ ತಾರೀಖು ತಗೊಳ್ರಿ. ಹಿಂಗ ಮಾಡಿದ್ರ ಮೂರರಾಗ ಒಂದು ಸಲ ಉಳೀತದ.

ಇನ್ನ ತಾರೀಖು ಮುಂದ ಹಾಕೂದಕ್ಕ ನಾಚಿಕಿ ಪಡೂದೇನೂ ಬ್ಯಾಡ. ಸರಕಾರಾನೂ ಹಾಕ್ತದ. 2020ರಾಗ ಕೊರೊನಾ ಬಂದಾಗ ಕೇಂದ್ರಗಳ ಬಾಗಲಾನ ಮುಚ್ಚಿತ್ತು, ಎಷ್ಟೋ ಮಂದಿ ತಾರೀಖು ಮುಂದ ಹೋದುವು. 2024ರ ಆಗಸ್ಟ್ 29ರ ರಾತ್ರಿ ಎಂಟರಿಂದ ಸೆಪ್ಟೆಂಬರ್ 2ರ ಮುಂಜಾನಿ ಆರರ ತನಕ ದುರಸ್ತಿಗಂತ ಇಡೀ ಜಾಲತಾಣ ಬಂದ್ ಇಟ್ಟಿದ್ರು. ಆಗಸ್ಟ್ 30ಕ್ಕ ತಾರೀಖು ಇದ್ದವರದೆಲ್ಲಾ ಬ್ಯಾರೆ ದಿನಕ್ಕ ಹೋತು. ಅದಕ್ಕ ಹೊಂಡೂಕಿಂತ ಮೊದಲ ಒಮ್ಮೆ ಮೆಸೇಜು ನೋಡಿ ಹೋಗ್ರಿ. ಅಡಚಣಿ ಅನ್ನೂದು ಎಲ್ಲಾರಿಗೂ ಬರ್ತದ. ನಮ್ಮ ಅಡಚಣಿ ಖರೇದ್ದೋ, ಇಲ್ಲಾ ನಮ್ಮ ಕೆಲಸ ಸಸ್ತಾ ಅಂತ ಬ್ಯಾರೆಯವರು ಹೇರಿದ್ದೋ ಅನ್ನೂದನ್ನ ಮಾತ್ರ ನಾವ ತೂಗಿ ನೋಡಬೇಕು.

ಮನ್ಯಾಗ ಹಳೇ ಪಾಸ್‌ಪೋರ್ಟ್ ಇದ್ದವರಿಗೂ ಒಂದು ಮಾತು. ಕೈಲೆ ಬರದ ಹಳೇ ಪುಸ್ತಕ ಪೆಟ್ಟಿಗ್ಯಾಗ ಇದ್ರ ಅದು ಈಗ ನಡಿಯಾಂಗಿಲ್ಲ. 2015ರ ನವೆಂಬರ್ 24ರಿಂದ ಯಂತ್ರ ಓದೂ ಪಾಸ್‌ಪೋರ್ಟ್ ಅಷ್ಟ ಇರಬೇಕು ಅಂತ ಅಂತರರಾಷ್ಟ್ರೀಯ ವಿಮಾನಯಾನ ಸಂಸ್ಥಾದವರು ಗಡುವು ಇಟ್ಟಿದ್ರು. ‘ನನ್ನದು ಅದಲ್ಲಾ’ ಅಂತ ನಂಬಿಕೊಂಡು ಕೂತು, ಮಗಳ ಫೋನು ಬಂದ ಮ್ಯಾಲೆ ಗಾಬರಿ ಆಗಬ್ಯಾಡ್ರಿ.

ಆದ್ದರಿಂದ ನನ್ನ ವಿನಂತಿ ಇಷ್ಟ. ಅರ್ಜಿಯೊಳಗ ನಿಮ್ಮದ ಮೊಬೈಲ್ ನಂಬರು ಹಾಕ್ರಿ. ಮಗ ತುಂಬಿಕೊಟ್ರೂ, ಅಳಿಯ ತುಂಬಿಕೊಟ್ರೂ ಲಾಗಿನ್ ಹೆಸರು, ಪಾಸ್‌ವರ್ಡ್, ಅರ್ಜಿ ನಂಬರು ಮೂರನ್ನೂ ನಿಮ್ಮ ರೊಕ್ಕದ ವಹಿಯೊಳಗ ನಿಮ್ಮ ಕೈಲೆ ಬರದಿಟ್ಟುಕೋರಿ. ಒಮ್ಮೆ ಅವರನ್ನ ಬಾಜೂಕ ಕೂಡಿಸಿಕೊಂಡು, ನೀವ ಲಾಗಿನ್ ಮಾಡಿ ಆ ರೀಶೆಡ್ಯೂಲ್ ಎಲ್ಲಿ ಅದ ಅಂತ ಬರೇ ನೋಡಿ ಇಡ್ರಿ, ಒತ್ತೂದು ಬ್ಯಾಡ. ತಾರೀಖು ಆರಸೂಕಿಂತ ಮೊದಲ ಕ್ಯಾಲೆಂಡರಿನ್ಯಾಗ ಹಬ್ಬ, ಲಗ್ನ, ಮಕ್ಕಳ ಪರೀಕ್ಷಾ ನೋಡ್ರಿ. ಆರಿಸಿದ ಮ್ಯಾಲೆ ಅದೇ ಕ್ಯಾಲೆಂಡರಿನ್ಯಾಗ ಕೆಂಪು ಪೆನ್ನಿಲೆ ಗುಂಡಗ ಸುತ್ತಿ ಇಡ್ರಿ, ಮನಿ ಮಂದಿಗೆಲ್ಲಾ ಕಾಣಾಂಗ. ಸಂಕಷ್ಟಿ, ಏಕಾದಶಿ ಸಾಲಿನ್ಯಾಗ ನಿಮ್ಮದೂ ಒಂದು ದಿನ ಇರಲಿ.

ನಮ್ಮ ಓಣ್ಯಾಗ ಬರೂ ತಿಂಗಳ ಇಬ್ಬರದು ತಾರೀಖು ಅದ, ಒಬ್ಬರಿಗೆ ಅರವತ್ತೆಂಟು, ಇನ್ನೊಬ್ಬರಿಗೆ ನಲವತ್ತು. ಇಬ್ಬರೂ ಕೂಡಿ ಒಂದ ದಿನ ಆರಿಸ್ಯಾರ, ಹೋಗಲಿಕ್ಕೆ ಬರಲಿಕ್ಕೆ ಜೋಡಿ ಆಗ್ತದ ಅಂತ. ಮನ್ಯಾಗ ಅವತ್ತಿನ ಅಡಗಿ ಯಾರು ಮಾಡ್ತಾರ ಅನ್ನೂದು ಮಾತ್ರ ಇನ್ನೂ ಠರಾವು ಆಗಿಲ್ಲ. ಆಗ್ತದ ಬಿಡ್ರಿ, ಅದಕ್ಕಿನ್ನೂ ಮೂರು ವಾರ ವ್ಯಾಳ್ಯಾ ಅದ.